ಬೆಳಕಿಂಡಿ ರಾಜ್ಯದ ಪಂಡಿತ

ಗಂಗಾವತಿಯ ಅಕ್ಕಿ ಗಿರಣಿಗಳಲ್ಲಿ ನನ್ನ ಎದುರು ಕೂತು ದರ ಮಾತಾಡಿದವರು ಚಹಾ ಮುಗಿಸಿ ಏಳುವಾಗ ಒಂದು ಪ್ರಶ್ನೆ ಕೇಳದೆ ಹೋಗುವುದಿಲ್ಲ. ಈ ಚೌಕಾಸಿ ನಿಮಗ ಯಾರು ಕಲಿಸಿದ್ರು ಅಕ್ಕಾರ, ಅಂತ. ನಮ್ಮಪ್ಪ ದೊಡ್ಡ ವ್ಯಾಪಾರಿ ಇದ್ದಿರಬೇಕು ಎಂಬುದು ಅವರ ಅಂದಾಜು. ಅಪ್ಪ ಸಂತೆಯಲ್ಲಿ ಬದನೆಕಾಯಿಯವಳು ಹೇಳಿದ ದರವನ್ನು ಹಾಗೇ ಕೊಟ್ಟು, ಮೇಲೆ ಅವಳ ಬುಟ್ಟಿಯನ್ನು ತಲೆಗೆ ಎತ್ತಿಕೊಟ್ಟು ಬರುವ ಮನುಷ್ಯ. ಅವನಿಂದ ನಾನು ಕಲಿತದ್ದು ಬುಟ್ಟಿ ಎತ್ತುವುದನ್ನು ಮಾತ್ರ. ಚೌಕಾಸಿ ಕಲಿಸಿದವನು ಒಬ್ಬ ಪಂಡಿತ. ನನ್ನ ಅಂಗೈಗಿಂತ ತುಸು ಎತ್ತರ ಇದ್ದ, ಹಳ್ಳದ ಮಣ್ಣಿನಿಂದ ಆಗಿದ್ದ, ತನ್ನ ರಾಜ್ಯದಲ್ಲಿ ಯಾರಿಗೂ ಬೇಡವಾದ ಮಾತು ಆಡಿ ಜೀವಕ್ಕೆ ಸಂಚಕಾರ ತಂದುಕೊಂಡಿದ್ದ. ಅವನನ್ನು ಉಳಿಸಿಕೊಳ್ಳಲು ಮನೆಮಂದಿಯ ಜೊತೆ ನಾನು ನಡೆಸಿದ ಮಾತುಕತೆಯೇ ನನ್ನ ಮೊದಲ ವ್ಯವಹಾರ. ಈಗಲೂ ಲಾರಿ ನಿಲ್ಲಿಸಿಕೊಂಡು ಪಟ್ಟು ಹಿಡಿದವರ ಮುಂದೆ ಕೂತಾಗ ಆ ಪಡಸಾಲೆಯಲ್ಲಿ ಮಾಡಿದ್ದನ್ನೇ ಮಾಡುತ್ತೇನೆ.

ಯಲಬುರ್ಗಾದ ನಮ್ಮ ಮನೆ ಮಣ್ಣಿನ ಮಾಳಿಗೆಯದು. ತಲೆಬಾಗಿಲು ದಾಟಿದರೆ ಬಲಕ್ಕೆ ಎತ್ತು, ಎಮ್ಮೆ. ಎಡಕ್ಕೆ ಮೊಣಕಾಲೆತ್ತರದ ಪಡಸಾಲೆ. ನಾವೂ ದನಗಳೂ ಒಬ್ಬರ ಮುಖ ಒಬ್ಬರು ನೋಡಿಕೊಂಡೇ ಉಣ್ಣುತ್ತಿದ್ದೆವು. ಎಮ್ಮೆ ಮೆಲುಕು ಹಾಕುವುದನ್ನು ನಿಲ್ಲಿಸಿದರೆ ನಮ್ಮ ಅಜ್ಜಿ ಆಯಿ ಮಕ್ಕಳ ಕಡೆ ತಿರುಗಿ, ಏನು ಗದ್ದಲ ಮಾಡಿದಿರಿ ಎಂದು ಕೇಳುವಳು. ಕಿಟಕಿ ಇರಲಿಲ್ಲ. ಬೆಳಕೆಲ್ಲ ಬರುತ್ತಿದ್ದದ್ದು ಮಾಳಿಗೆಯಲ್ಲಿ ಬಿಟ್ಟಿದ್ದ ಗುಂಡನೆಯ ಬೆಳಕಿಂಡಿಯಿಂದ. ಬೆಳಿಗ್ಗೆ ಅಲ್ಲಿಂದ ಇಳಿದ ರೊಟ್ಟಿಯಗಲದ ಬಿಸಿಲು ಪಡಸಾಲೆಯ ಗೋಡೆ ಹಿಡಿದು, ಮಧ್ಯಾಹ್ನ ಗೋಡೆಗುಂಟ ಇದ್ದ ಸಣ್ಣ ಕಟ್ಟೆಗೆ ಬಂದು, ಇಳಿಹೊತ್ತಿಗೆ ಎಮ್ಮೆಯ ಬೆನ್ನೇರಿ ಹೋಗುತ್ತಿತ್ತು. ಮಳೆ ಬಂದರೆ ಯಾರಾದರೂ ಮಾಳಿಗೆ ಹತ್ತಿ ಅದಕ್ಕೆ ತಗಡು ಮುಚ್ಚಬೇಕು. ಯಾರು ಹತ್ತಬೇಕು ಎಂಬ ತಕರಾರು ಮುಗಿಯುವುದರೊಳಗೆ ಮಳೆಯೇ ನಿಂತಿರುತ್ತಿತ್ತು. ನಮ್ಮ ಕಡೆಯ ಮಳೆ ಅಷ್ಟಕ್ಕಷ್ಟೇ.

ಮನೆ ನಡೆಸುತ್ತಿದ್ದವಳು ಆಯಿ, ಅಪ್ಪನನ್ನು ಹಡೆದವಳು. ಅವಳ ಮನೆಯಲ್ಲಿ ಜಗಳಕ್ಕೂ ಒಂದು ಹೊತ್ತು ಇತ್ತು. ಉಣ್ಣುವಾಗ ಜಗಳ ಮಾಡುವಂತಿಲ್ಲ, ದೀಪ ಹಚ್ಚುವಾಗ ಇಲ್ಲ, ಮಲಗುವಾಗಂತೂ ಇಲ್ಲವೇ ಇಲ್ಲ. ಯಾರಿಗೆ ಯಾರ ಮೇಲೆ ಏನೇ ಇದ್ದರೂ ಅವಳು ರೊಟ್ಟಿ ಬಡಿಯಲು ಕೂತಾಗ ಹೇಳಿ ಮುಗಿಸಬೇಕು. ಕಾರಣ ಸರಳ: ಆ ಪಟಪಟ ಸದ್ದಿನಲ್ಲಿ ಒಳಗಿನ ಮಾತು ಓಣಿಗೆ ಕೇಳುವುದಿಲ್ಲ. ಅವ್ವ ಪುಂಡಿಪಲ್ಯ ಮುಗುಚುತ್ತ ತನ್ನ ತಕರಾರು ಹೇಳುವಳು, ದೊಡ್ಡವ್ವ ಬೆಳ್ಳುಳ್ಳಿ ಸುಲಿಯುತ್ತ ಉತ್ತರ ಕೊಡುವಳು, ಆಯಿ ನಡುವೆ ರೊಟ್ಟಿ ತಿರುವಿ ಹಾಕುವಳು. ಕೊನೆಯ ರೊಟ್ಟಿ ಹಂಚಿನಿಂದ ಇಳಿದರೆ ಜಗಳವೂ ಇಳಿಯಬೇಕು. ಉಳಿದದ್ದಿದ್ದರೆ ನಾಳೆಯ ರೊಟ್ಟಿಗೆ. ನನ್ನ ಮಾತು ಕೇಳುವವರಿದ್ದರೆ ಹೇಳುತ್ತೇನೆ, ಎಲ್ಲ ಮನೆಯಲ್ಲೂ ಇಂಥದೊಂದು ಹೊತ್ತು ಗೊತ್ತು ಮಾಡಿಕೊಳ್ಳಬೇಕು. ಜಗಳ ಬೇಡ ಎನ್ನುವ ಮನೆಯಲ್ಲಿ ಅದು ಊಟದ ತಾಟಿಗೇ ಬಂದು ಕೂಡುತ್ತದೆ.

ದೊಡ್ಡಪ್ಪನ ಮಗಳು ಗಿರಿಜಕ್ಕ ನನಗಿಂತ ಎರಡು ವರ್ಷ ದೊಡ್ಡವಳು. ಅವಳದು ಎಲ್ಲ ನೇರ. ಜಡೆ ನೇರ, ಅಕ್ಷರ ನೇರ, ರಂಗೋಲಿಯ ಚುಕ್ಕಿ ನೇರ. ಆ ವರ್ಷ ಮಣ್ಣೆತ್ತಿನ ಅಮಾವಾಸ್ಯೆಗೆ ಅಪ್ಪ ಹೊಲದಿಂದ ತಂದ ಎರೆಮಣ್ಣು ಎತ್ತು ಮಾಡಿದ ಮೇಲೂ ಬಹಳ ಉಳಿಯಿತು. ಗಿರಿಜಕ್ಕ ಅದರಲ್ಲಿ ಒಬ್ಬ ರಾಜನನ್ನು ಮಾಡಿದಳು. ಒದ್ದೆ ಬೆರಳಿನಿಂದ ಸವರಿ ಸವರಿ ಅವನ ಮೈಯನ್ನು ಎಮ್ಮೆಯ ಕೊಂಬಿನಂತೆ ನುಣುಪು ಮಾಡಿ, ಗೋಡೆಗುಂಟದ ಕಟ್ಟೆಯ ಮೇಲೆ, ಬಿಸಿಲು ಬಂದು ನಿಲ್ಲುವ ಜಾಗದಲ್ಲಿ ನಿಲ್ಲಿಸಿ, ಬೆಳಕಪ್ಪ ದೊರೆ ಎಂದು ಹೆಸರಿಟ್ಟಳು. ಮರುದಿನ ದೊರೆಗೆ ಮಂತ್ರಿ ಬಂದ, ಕೊತ್ವಾಲ ಬಂದ, ಬುಟ್ಟಿ ಹೊತ್ತ ಹೆಣ್ಣುಮಕ್ಕಳು ಬಂದರು, ಎಲ್ಲರೂ ಒಂದೇ ಸಾಲಿನಲ್ಲಿ ದೊರೆಯ ಬೆನ್ನ ಹಿಂದೆ. ರಾಜ್ಯಕ್ಕೊಂದು ಪುರಾಣವನ್ನೂ ಅವಳೇ ಕೊಟ್ಟಳು. ಈ ಮಂದಿ ಯಾರ ಕೈಯಿಂದಲೂ ಆದವರಲ್ಲ. ಮೇಲಿನ ಬೆಳಕಿನಿಂದ ಒಂದು ದಿನ ಸೀದಾ ಇಳಿದು ಬಂದವರು. ಅದಕ್ಕೇ ಅದು ಬೆಳಕಿಂಡಿ ರಾಜ್ಯ.

ನನಗೆ ಅವಳು ಮಣ್ಣು ಕೊಡಲಿಲ್ಲ. ಅಷ್ಟರಲ್ಲಿ ಆಷಾಢ ಬಂತು. ಆಷಾಢದ ಮಂಗಳವಾರಗಳಂದು ನಮ್ಮಲ್ಲಿ ಹುಡುಗಿಯರು ಗುಳ್ಳವ್ವನನ್ನು ಮಾಡುತ್ತಾರೆ. ಹಳ್ಳದ ಮಣ್ಣಿನಲ್ಲಿ ಆ ದೇವಿಯನ್ನು ಮಾಡಿ ಕೂಡಿಸಿ, ಮೈಗೆಲ್ಲ ಗುಲಗಂಜಿ, ಕುಸುಬಿ ಚುಚ್ಚಿ, ಮನೆ ಮನೆಗೆ ಒಯ್ದು ಹಾಡಿ, ಕೊನೆಯ ಮಂಗಳವಾರ ಬುತ್ತಿ ಕಟ್ಟಿಕೊಂಡು ಹೋಗಿ ಹಳ್ಳಕ್ಕೆ ಬಿಟ್ಟು ಬರುವುದು. ಮೊದಲ ಮಂಗಳವಾರ ಗುಳ್ಳವ್ವ ಆದ ಮೇಲೆ ಮಣೆಯ ಮೇಲೆ ಉಳಿದ ಮುದ್ದೆಯನ್ನು ನಾನು ಎತ್ತಿಕೊಂಡೆ. ಮೈ ಮಾಡುವಾಗ ಕಂಜೂಸಿ ಮಾಡಿದೆ, ಮಣ್ಣು ಸಾಲದೆ ಹೋದೀತು ಎಂದು. ಕೊನೆಗೆ ಉಳಿದದ್ದನ್ನೆಲ್ಲ ತಲೆಗೆ ಹಾಕಿದೆ. ತಲೆ ಭಾರಕ್ಕೆ ಅವನು ನಿಲ್ಲಲೊಲ್ಲ. ಗೋಡೆಗೆ ಒರಗಿಸಿದೆ. ಆಗ ಅವನ ಮುಖ ಮೇಲಾಯಿತು. ರಾಜ್ಯದ ಮಂದಿಯೆಲ್ಲ ಎದುರಿಗೆ ನೋಡುತ್ತಿದ್ದರೆ ಇವನೊಬ್ಬ ಸೀದಾ ಮಾಳಿಗೆ ನೋಡುತ್ತಿದ್ದ. ಹಾಗೆ ನೋಡುವವನು ಪಂಡಿತನಲ್ಲದೆ ಇನ್ನೇನು? ದೊಡ್ಡತಲಿ ಪಂಡಿತ ಎಂದು ಕರೆದೆ.

ಪಂಡಿತ ಮೊದಲು ಹೇಳಿದ ಸಿದ್ಧಾಂತ ಸೂರ್ಯನ ಕುರಿತಾದದ್ದು. ಸೂರ್ಯನೆಂದರೆ ಒಂದು ತೂತು, ಅದರ ಆಚೆ ಕೋಳಿಗಳು ಓಡಾಡುತ್ತವೆ ಎಂದ. ಮಾಳಿಗೆಯ ಮೇಲೆ ಕಾಳು ಒಣಹಾಕಿದಾಗ ಕೋಳಿಯ ನೆರಳು ಬಿಸಿಲಿನಲ್ಲಿ ಹಾಯುತ್ತಿತ್ತು, ಅದನ್ನು ಅವನು ನೋಡಿದ್ದ. ಗಿರಿಜಕ್ಕನ ಮಂತ್ರಿ ನಕ್ಕು ಬಿಟ್ಟ. ಎರಡನೆಯದು ಮಳೆಯದು: ಮಳೆ ನಿಲ್ಲುವುದು ದೇವರ ಮನಸ್ಸಿನಿಂದಲ್ಲ, ತಗಡಿನಿಂದ ಎಂದ. ಆಗ ಕೊತ್ವಾಲ ಅವನಿಗೆ ತಾಕೀತು ಮಾಡಿದ. ಪಂಡಿತನಿಗೆ ಶಿಷ್ಯರೂ ಆದರು, ಕೊಂಬು ಮುರಿದ ಒಂದು ಎತ್ತು ಮತ್ತು ಗಿರಿಜಕ್ಕ ಬಿಸಾಡಿದ ಎರೆಮಣ್ಣಿನ ಚೂರಿನಲ್ಲಿ ನಾನು ಮಾಡಿದ, ಕತ್ತೆಯೋ ನಾಯಿಯೋ ಯಾರಿಗೂ ತಿಳಿಯದ ಒಂದು ಪ್ರಾಣಿ. ಬಸು ಕಾಕಾ, ಅಂದರೆ ಅಪ್ಪನ ತಮ್ಮ, ಕಚೇರಿಯಲ್ಲಿ ಗುಮಾಸ್ತ. ಸಂಜೆ ಬಂದು ಕಾಲು ತೊಳೆದು ಪಡಸಾಲೆಯಲ್ಲಿ ಕೂತವನೇ, ಇವತ್ತು ಪಂಡಿತರು ಏನು ಅಪ್ಪಣೆ ಕೊಡಿಸಿದ್ರು, ಎಂದು ವಿಚಾರಿಸುವನು. ನಾನು ಪಂಡಿತನಿಗೆ ಕಿವಿ ಕೊಟ್ಟು ಕೇಳಿ ಹೇಳುವೆ. ಅವ್ವ ಒಳಗಿನಿಂದ, ಆ ಹುಡುಗಿ ತಲಿ ಇನ್ನಷ್ಟು ಕೆಡಸಬ್ಯಾಡೋ ಬಸವಾ, ಎನ್ನುವಳು. ಆದರೂ ಚಹಾ ತರುವಾಗ ಪಂಡಿತ ಏನು ಹೇಳಿದ ಎಂಬುದು ಕೇಳುವಷ್ಟು ಹೊತ್ತು ಬಾಗಿಲಲ್ಲೇ ನಿಲ್ಲುವಳು.

ಮೂರನೆಯ ಸಿದ್ಧಾಂತ ಅವನನ್ನು ಹಳ್ಳ ಹಿಡಿಸಿತು. ಪಂಡಿತನ ಬೆನ್ನ ಮೇಲೂ ಆ ಪ್ರಾಣಿಯ ಬೆನ್ನ ಮೇಲೂ ನನ್ನ ಹೆಬ್ಬೆರಳಿನ ಗುರುತು ಉಳಿದಿತ್ತು. ಗಿರಿಜಕ್ಕ ಅವಸರದಲ್ಲಿ ಮಾಡಿದ ಬುಟ್ಟಿಯ ಹೆಣ್ಣುಮಕ್ಕಳ ಬೆನ್ನಿಗೂ ಇತ್ತು. ಪಂಡಿತ ಅದನ್ನು ಎತ್ತಿ ಹೇಳಿದ. ನಾವು ಬೆಳಕಿನಿಂದ ಇಳಿದವರಲ್ಲ. ನಮ್ಮನ್ನು ಯಾರೋ ಮಾಡಿದ್ದಾರೆ. ಮಾಡಿದವರು ದೇವರೂ ಅಲ್ಲ. ಇಬ್ಬರು ಹುಡುಗಿಯರು, ಅವರಿಗೆ ಹಸಿವಾಗುತ್ತದೆ, ಅವರು ಜಗಳ ಆಡುತ್ತಾರೆ, ನಾನು ದಿನಾ ನೋಡುತ್ತೇನೆ. ಗಿರಿಜಕ್ಕನ ಮುಖ ಕೆಂಪಾಯಿತು. ದೊರೆಯನ್ನು ಎತ್ತಿ ಅವನ ನುಣುಪು ಬೆನ್ನು ತಿರುವಿ ತೋರಿಸಿ, ಎಲ್ಲೈತಿ ಗುರ್ತು ತೋರ್ಸು, ಎಂದಳು. ಮೇಲ್ನೋಟಕ್ಕೆ ಏನೂ ಕಾಣಲಿಲ್ಲ. ಅದೇ ಸಂಜೆ ದೊರೆಯಿಂದ ಫರ್ಮಾನು ಹೊರಟಿತು. ಸುಳ್ಳು ಹೇಳಿ ಪ್ರಜೆಗಳ ಮನಸ್ಸು ಕೆಡಿಸಿದ ಪಂಡಿತನನ್ನು ಕೊನೆಯ ಮಂಗಳವಾರ ಗುಳ್ಳವ್ವನ ಬುಟ್ಟಿಯಲ್ಲಿ ಹಾಕಿ ಹಳ್ಳಕ್ಕೆ ಬಿಡತಕ್ಕದ್ದು.

ನಾನು ಆಯಿಯ ಹತ್ತಿರ ಓಡಿದೆ, ಅವಳು ನಕ್ಕು ಬಿಡಿಸುತ್ತಾಳೆ ಎಂದುಕೊಂಡು. ಆಯಿ ನಗಲಿಲ್ಲ. ಅವನನ್ನು ಯಾವ ಮಣ್ಣಿನಲ್ಲಿ ಮಾಡಿದ್ದು ಎಂದು ಕೇಳಿದಳು. ಗುಳ್ಳವ್ವ ಆಗಿ ಉಳಿದದ್ದರಲ್ಲಿ ಎಂದೆ. ಹಾಗಾದರೆ ಗಿರಿಜಾ ಹೇಳದಿದ್ದರೂ ಅವನು ಹೋಗಬೇಕಾದವನೇ ಎಂದಳು. ಗುಳ್ಳವ್ವನ ಮಣ್ಣು ಗುಳ್ಳವ್ವನ ಜೊತೆ ಹೋಗಬೇಕು, ಮನೆಯಲ್ಲಿ ಉಳಿಯಬಾರದು. ಎತ್ತಿನ ಮಣ್ಣಿಗೆ ಆ ಕಟ್ಟು ಇಲ್ಲ. ಗಿರಿಜಕ್ಕನ ಫರ್ಮಾನನ್ನು ಗಿರಿಜಕ್ಕನೇ ಮುರಿಯಬಹುದು. ಆಯಿಯ ಪದ್ಧತಿಯನ್ನು ಮುರಿಯುವವರು ಆ ಮನೆಯಲ್ಲಿ ಹುಟ್ಟಿರಲಿಲ್ಲ.

ಪಂಡಿತನನ್ನು ಉಳಿಸಲು ನಾನು ಮೊದಲು ಅತ್ತೆ. ಅವ್ವ ಮೂಗು ಒರೆಸಿ ಕಳಿಸಿದಳು. ಆಮೇಲೆ ಉಪವಾಸ ಕೂತೆ. ಆಯಿ ಶೇಂಗಾ ಹಿಂಡಿ ಹಚ್ಚಿದ ರೊಟ್ಟಿಯನ್ನು ನನ್ನ ತಾಟಿನಿಂದ ಎತ್ತಿ ಕಾಕಾನ ತಾಟಿಗೆ ಹಾಕಿದಳು. ಅವನು ಅದನ್ನು ನನ್ನ ಮುಂದೆಯೇ ರುಚಿ ಹೇಳಿ ಹೇಳಿ ತಿಂದ. ಗಿರಿಜಕ್ಕನಿಗೆ ಅವಳ ಪಾಲಿನ ಕಸ ಗುಡಿಸುತ್ತೇನೆ ಎಂದೆ. ಅವಳು ಗುಡಿಸಿಸಿಕೊಂಡು, ದೊರೆ ಇನ್ನೂ ವಿಚಾರ ಮಾಡಾಕತ್ತಾನ, ಎಂದಳು. ವ್ಯವಹಾರಕ್ಕೆ ಇಳಿಯುವ ಹೊಸಬರಿಗೆ ನಾನು ಹೇಳುವುದು ಇಷ್ಟೇ. ಅಳುವುದು, ಮುನಿಸು, ಮುಂಗಡವಾಗಿ ಕೆಲಸ ಮಾಡಿಕೊಡುವುದು, ಮೂರೂ ದಂಡ. ನಿಮಗೆ ಏನು ಬೇಕು ಎಂಬುದನ್ನೇ ಹೇಳುತ್ತ ಕೂತರೆ ಎದುರಿನವರು ಕೇಳುತ್ತ ಕೂಡುತ್ತಾರೆ. ಅವರ ಕಟ್ಟಳೆ ಏನು, ಅದು ಅವರಿಗೇ ಎಲ್ಲಿ ಬಿಗಿಯುತ್ತದೆ ಎಂದು ಹುಡುಕಬೇಕು.

ಕೊನೆಯ ಮಂಗಳವಾರದ ಬೆಳಿಗ್ಗೆ, ಬುತ್ತಿಯ ರೊಟ್ಟಿಗೆಂದು ಆಯಿ ಬೇಗನೇ ಒಲೆ ಮುಂದೆ ಕೂತಳು. ಮೊದಲ ರೊಟ್ಟಿಯ ಸದ್ದು ಶುರುವಾದದ್ದೇ ನಾನು ತಕರಾರು ಎತ್ತಿದೆ. ಪಂಡಿತ ಸುಳ್ಳು ಹೇಳಿದ್ದಾನೆ ಎಂದು ಫರ್ಮಾನಿನಲ್ಲಿದೆ, ಅದು ತಪ್ಪು, ಮೊದಲು ಅದರ ವಿಚಾರಣೆ ಆಗಲಿ ಎಂದೆ. ಕಾಕಾನಿಗೆ ಇದಕ್ಕಿಂತ ಬೇರೆ ಏನು ಬೇಕು? ಕಚೇರಿಗೆ ಹೊರಟಿದ್ದವನು ಅಂಗಿಯ ಗುಂಡಿ ಹಾಕಿಕೊಳ್ಳುತ್ತ ಬಂದು ಕೂತು, ಫಿರ್ಯಾದಿ ಗಿರಿಜವ್ವ ಹಾಜರ್ ಅದಾರೇನು, ಎಂದು ಕರೆದ. ದೊರೆಯನ್ನೂ ಪಂಡಿತನನ್ನೂ ತಾಟಿನಲ್ಲಿ ಇಟ್ಟು ತರಲಾಯಿತು. ಕಾಕಾ ಕನ್ನಡಕ ಏರಿಸಿ ದೊರೆಯನ್ನು ಬಾಗಿಲ ಬೆಳಕಿಗೆ ಹಿಡಿದು, ಅಡ್ಡ ತಿರುವಿ, ಉದ್ದ ತಿರುವಿ, ಸೊಂಟದ ಹತ್ತಿರ ಒಂದು ಕಡೆ ಕಣ್ಣು ನೆಟ್ಟ. ಅಲ್ಲಿ ಮಣ್ಣಿನ ಬಣ್ಣ ತುಸು ಬೇರೆ ಇತ್ತು. ಅದರ ಮೇಲೆ ಅಗಲವಾದ ಒಂದು ಹೆಬ್ಬೆರಳು ಒತ್ತಿತ್ತು, ನಡುವೆ ಅಡ್ಡಗೆರೆ.

ನನ್ನ ಬೆರಳು ಸಣ್ಣದು, ಗಿರಿಜಕ್ಕನದೂ ಸಣ್ಣದು. ಕಾಕಾ ನಮ್ಮಿಬ್ಬರ ಕೈ ನೋಡಿದ, ಅವ್ವನ ಕೈ ನೋಡಿದ, ಆಮೇಲೆ ಒಲೆ ಮುಂದಿದ್ದ ಆಯಿಯ ಕಡೆ ತಿರುಗಿದ.

"ಅವ್ವಾ, ಆ ಹಿಟ್ಟಿನ ಮುದ್ದಿ ಮ್ಯಾಲೆ ನಿನ್ನ ಹೆಬ್ಬೆರಳು ಒಂದೀಟು ಒತ್ತು ನೋಡೂಣು."

"ನನಗ ಕೆಲಸ ಐತಿ. ನೀ ಕಚೇರಿಗೆ ಹೋಗು."

"ಒತ್ತಿದ್ರ ಹೋಗ್ತೀನಿ."

ಆಯಿ ಸಿಟ್ಟಿನಿಂದಲೇ ಒತ್ತಿದಳು. ಹಿಂದೊಮ್ಮೆ ಜೋಳದ ಕಣಕಿ ಕೊಯ್ಯುವಾಗ ಕುಡಗೋಲು ತಾಗಿ ಅವಳ ಹೆಬ್ಬೆರಳಿಗೆ ಅಡ್ಡ ಗಾಯದ ಗೆರೆ ಬಿದ್ದಿತ್ತು. ಹಿಟ್ಟಿನ ಮೇಲೆ ಅದೇ ಗೆರೆ, ದೊರೆಯ ಸೊಂಟದ ಮೇಲೂ ಅದೇ ಗೆರೆ. ಅವ್ವ ಸೆರಗು ಬಾಯಿಗೆ ಒತ್ತಿಕೊಂಡಳು. ಬೆಳಕಿಂಡಿ ರಾಜ್ಯದ ಸೃಷ್ಟಿಕರ್ತೆ ರೊಟ್ಟಿ ಬಡಿಯುತ್ತ ಕೂತಿದ್ದಳು.

"ಹೌದು, ಬೆಕ್ಕು ಕೆಡವಿತ್ತು," ಎಂದಳು ಆಯಿ. "ಈಕಿ ಸಾಲಿಗೆ ಹೋಗಿದ್ಲು. ಬಂದು ಅಳ್ತಾಳಂತ ಮೆತ್ತಿ ಇಟ್ಟಿನಿ. ಏನಾತೀಗ?"

ಕಾಕಾ ನಗುವುದರಲ್ಲಿ ಇದ್ದ. ನನಗೆ ನಗು ಬರಲಿಲ್ಲ. ನನ್ನ ತಲೆಯಲ್ಲಿ ಬೇರೆಯೇ ಒಂದು ಮಾತು ಓಡುತ್ತಿತ್ತು. ಪಂಡಿತ ಹೇಳಿದ್ದು ಖರೆ ಎಂದು ಗೊತ್ತಾಯಿತು, ಆದರೆ ಅದರಿಂದ ಅವನು ಉಳಿಯುವುದಿಲ್ಲ; ಅವನ ಮಣ್ಣು ಹಾಗೇ ಇದೆ. ಖರೆ ಹೇಳಿದವರೆಲ್ಲ ಉಳಿಯುವುದಾದರೆ ವ್ಯಾಪಾರ ಮಾಡುವುದು ಎಷ್ಟು ಸುಲಭ ಇತ್ತು. ನಾನು ಆಯಿಯ ಮಗ್ಗುಲಿಗೆ ಹೋಗಿ ಮೆಲ್ಲಗೆ ಕೇಳಿದೆ.

"ಆಯಿ, ಯಾವ ಮಣ್ಣಿಲೆ ಮೆತ್ತಿದಿ?"

ಆಯಿಯ ಕೈ ನಿಂತಿತು. ಆ ಮನೆಯಲ್ಲಿ ಅರ್ಧ ಬಡಿದ ರೊಟ್ಟಿಯ ಮೇಲೆ ಆಯಿಯ ಕೈ ನಿಂತದ್ದನ್ನು ನಾನು ಅದೇ ಮೊದಲು ನೋಡಿದ್ದು. ಸದ್ದು ನಿಂತದ್ದಕ್ಕೆ ಎಮ್ಮೆ ಕೂಡ ತಲೆಯೆತ್ತಿತು.

"ಎತ್ತಿನ ಮಣ್ಣು ಒಣಗಿತ್ತು," ಎಂದಳು. "ಗುಳ್ಳವ್ವಂದು ಹಸೀದಿತ್ತು."

"ಹಂಗಾರ ದೊರೀನೂ ಬುಟ್ಟ್ಯಾಗ ಬರಬೇಕಾತಲ್ಲ."

ಗಿರಿಜಕ್ಕನ ಮುಖ ನೋಡುವ ಹಾಗಿರಲಿಲ್ಲ. ತನ್ನ ದೊರೆಗೆ ಸೊಂಟ ಮುರಿದಿತ್ತು ಎಂಬುದೇ ಅವಳಿಗೆ ಆಗ ತಿಳಿದದ್ದು. ತಿಳಿದ ಗಳಿಗೆಯಲ್ಲೇ ಅವನು ಹಳ್ಳದ ಪಾಲಾಗುತ್ತಿದ್ದ. ಅವಳು ದೊರೆಯನ್ನು ತಾಟಿನಿಂದ ಎತ್ತಿ ಲಂಗದ ಮಡಿಲಲ್ಲಿ ಇಟ್ಟುಕೊಂಡು, ಕೊಡಂಗಿಲ್ಲ, ಎಂದಷ್ಟೇ ಹೇಳಿದಳು. ಇಲ್ಲಿ ಒಂದು ಮಾತು. ಎದುರಿನವರು ಸಿಕ್ಕಿಬಿದ್ದಾಗ ಇನ್ನೊಂದು ಹೆಜ್ಜೆ ಒತ್ತಬೇಕು ಅನಿಸುತ್ತದೆ. ಒತ್ತಬಾರದು. ಗೋಡೆಗೆ ಬೆನ್ನು ಹತ್ತಿದವರು ಸರಕನ್ನೇ ಒಡೆದು ಹಾಕುತ್ತಾರೆ. ಅವರು ಹೊರಬರಲು ಒಂದು ಬಾಗಿಲನ್ನು ನೀವೇ ತೆಗೆದು, ಅದರ ಹೊಸ್ತಿಲ ಮೇಲೆ ನಿಮ್ಮ ಮಾಲು ಇಡಬೇಕು. ನಾನು ಅವಳ ಪಕ್ಕ ಕೂತು ಹೇಳಿದೆ.

"ನನ್ನ ಪಂಡಿತ ಇದ್ರ ನಿನ್ನ ದೊರೀನೂ ಇರ್ತಾನ ಅಕ್ಕಾ. ಇಬ್ರದೂ ಒಂದ ಮಣ್ಣು."

ಗಿರಿಜಕ್ಕ ಮೂಗೆಳೆದು, ಆಯಿಯ ಕಡೆ ನೋಡಿದಳು. ನಾನೂ ನೋಡಿದೆ. ಇಷ್ಟು ದಿನ ಎದುರುಬದುರು ನಿಂತಿದ್ದ ಇಬ್ಬರೂ ಈಗ ಒಂದೇ ಕಡೆ ಕೂತಿದ್ದೆವು, ಆಯಿ ಒಬ್ಬಳೇ ಆಚೆ. ಕಾಕಾ ಕಚೇರಿಯ ದನಿಯಲ್ಲಿ, ಸೃಷ್ಟಿಕರ್ತರ ಅಭಿಪ್ರಾಯ ಏನು, ಎಂದು ಕೇಳಿ ಅವಳಿಂದ ಬೈಸಿಕೊಂಡ.

ಆಯಿ ರೊಟ್ಟಿ ಪೂರ್ತಿ ಬಡಿದು, ಹಂಚಿಗೆ ಹಾಕಿ, ನೀರು ಸವರಿ, ತಿರುವಿದಳು. ಆಮೇಲೆ ಹೇಳಿದಳು, ಗುಳ್ಳವ್ವನ ಮಣ್ಣನ್ನು ಪೂರ್ತಿ ಇಟ್ಟುಕೊಳ್ಳುವುದಂತೂ ಆಗುವುದಿಲ್ಲ, ಅವ್ವನ ಪಾಲು ಅವ್ವನಿಗೆ ಸಲ್ಲಬೇಕು. ಆದರೆ ಪಾಲು ಕೊಟ್ಟ ಮೇಲೆ ಉಳಿದದ್ದು ಪ್ರಸಾದ, ಪ್ರಸಾದವನ್ನು ಮನೆಯಲ್ಲಿ ಇಡಬಹುದು. ಹಾಗೊಂದು ಪದ್ಧತಿ ಅದಕ್ಕೂ ಮುಂಚೆ ಇತ್ತೋ, ಆ ರೊಟ್ಟಿ ಬೇಯುವಷ್ಟರಲ್ಲಿ ಹುಟ್ಟಿತೋ, ನಾನು ಕೇಳಲಿಲ್ಲ. ವ್ಯವಹಾರ ಕುದುರಿದಾಗ ಹಳೇ ಕಾಗದ ಕೇಳಬಾರದು. ಆಯಿ ಸಟ್ಟುಗದ ಅಂಚಿನಿಂದ ದೊರೆಯ ಸೊಂಟದ ತೇಪೆಯನ್ನು ತುಸು ಕೆರೆದಳು. ಪಂಡಿತನ ತಲೆಗೆ ನೀರು ಹಚ್ಚಿ ಮೆತ್ತಗೆ ಮಾಡಿ, ಹೆಚ್ಚು ಇದ್ದವ ಹೆಚ್ಚು ಕೊಡಬೇಕು ಎನ್ನುತ್ತ ಅದರಿಂದ ಒಂದು ದೊಡ್ಡ ಚೂರನ್ನೇ ತೆಗೆದು, ಉಳಿದದ್ದನ್ನು ಗುಂಡಗೆ ತಿದ್ದಿದಳು. ಎರಡನ್ನೂ ಕಲಸಿ ಉಂಡೆ ಮಾಡಿ ಗುಳ್ಳವ್ವನ ಉಡಿಯಲ್ಲಿ ಇಟ್ಟಳು. ಕೊನೆಯ ರೊಟ್ಟಿ ಇಳಿಯಿತು. ಜಗಳ ಮುಗಿಯಿತು.

ಹಳ್ಳದ ದಂಡೆಯಲ್ಲಿ ಆ ದಿನ ಎಷ್ಟು ಖುಷಿಯಿಂದ ಉಂಡೆವೋ. ಓಣಿಯ ಹುಡುಗಿಯರೆಲ್ಲ ಬುತ್ತಿ ಬಿಚ್ಚಿದರು, ಒಬ್ಬರ ಕರಿಂಡಿ ಚಟ್ನಿ ಇನ್ನೊಬ್ಬರ ರೊಟ್ಟಿಗೆ ಹೋಯಿತು. ನಾನು ನಮ್ಮ ಶೇಂಗಾ ಹಿಂಡಿ ಕೊಟ್ಟು ಎರಡು ಎಳ್ಳಹೋಳಿಗೆ ಸಂಪಾದಿಸಿದೆ. ಗುಳ್ಳವ್ವ ನೀರಿನಲ್ಲಿ ಕರಗುವುದನ್ನು ಗಿರಿಜಕ್ಕನೂ ನಾನೂ ಕೈ ಹಿಡಿದುಕೊಂಡು ನೋಡಿದೆವು. ಮನೆಗೆ ಬಂದವಳೇ ನಾನು ಕಟ್ಟೆಗೆ ಓಡಿದೆ. ಪಂಡಿತ ಇದ್ದ. ನೆಟ್ಟಗೆ ನಿಂತಿದ್ದ. ತಲೆ ಹಗುರಾದದ್ದರಿಂದ ಅವನಿಗೆ ಈಗ ಗೋಡೆ ಬೇಕಾಗಿರಲಿಲ್ಲ. ಆಯಿ ತಂದಿಟ್ಟಲ್ಲಿ, ಮಂತ್ರಿಯ ಪಕ್ಕ, ಸಾಲಿನಲ್ಲಿ, ಎಲ್ಲರ ಹಾಗೆ ಎದುರಿಗೆ ನೋಡುತ್ತ ನಿಂತಿದ್ದ. ಅವ್ವ, ಈಗ ನೋಡು ಹೆಂಗ ಶಾಣ್ಯಾ ಆಗ್ಯಾನ, ಎಂದಳು. ನಾನು ಅವನ ಜೀವ ಕೇಳಿದ್ದೆ, ಜೀವ ಸಿಕ್ಕಿತ್ತು. ಅವನ ನೋಟ ಕೇಳುವುದನ್ನು ಮರೆತಿದ್ದೆ. ತೀರ್ಮಾನವಾದದ್ದನ್ನು ಮತ್ತೆ ಕೇಳುವ ಹಾಗಿಲ್ಲ ಎಂಬುದು ಮನೆಯ ನಿಯಮ. ಅವನಿಗೆ ಕಿವಿ ಕೊಟ್ಟೆ, ಅವನಲ್ಲಿ ಹೇಳುವುದು ಏನೂ ಇರಲಿಲ್ಲ. ದೊರೆಯ ಬೆನ್ನು ನೋಡುವವನು ಏನು ಹೇಳಿಯಾನು?

ಗಿರಿಜಕ್ಕ ಬಂದು ನನ್ನ ಹಿಂದೆ ನಿಂತಳು. ಸೊಂಟ ಸವೆದ ದೊರೆಯನ್ನು ಒಮ್ಮೆ ಎತ್ತಿ ನೋಡಿ ಮತ್ತೆ ಅವನ ಜಾಗದಲ್ಲಿ ಇಟ್ಟಳು. ಸ್ವಲ್ಪ ಹೊತ್ತು ಸಾಲನ್ನು ನೋಡಿದಳು. ಅವಳಿಗೆ ಬೇಕಾದಂತೆ ಎಲ್ಲ ನೇರ ಇತ್ತು. ಆದರೂ ಅವಳ ಮುಖ ಸರಿ ಇರಲಿಲ್ಲ.

"ಹಿಂಗ ನಿಂತ್ರ ಇವ ಇನ್ನೊಬ್ಬ ಕೊತ್ವಾಲನಂಗ ಕಾಣ್ತಾನಲ," ಎಂದಳು. "ದೊರಿ ಕೂಡ ಜಗಳಾ ಮಾಡವ್ರು ಯಾರು ಇನ್ನ?"

ಅಂದವಳೇ ಪಂಡಿತನನ್ನು ಸಾಲಿನಿಂದ ಎತ್ತಿ, ಗೋಡೆಯ ಬುಡಕ್ಕೆ ಒಯ್ದು, ಅವನ ಕಾಲ್ಬೆರಳ ಕೆಳಗೆ ಜೋಳದ ದಂಟಿನ ಚೂರೊಂದನ್ನು ತುರುಕಿ, ಹಿಂದಕ್ಕೆ ವಾಲಿಸಿದಳು. ಒಮ್ಮೆ ಜಾರಿದ. ಇನ್ನೊಂದು ಚೂರು ಇಟ್ಟಳು. ಈಗ ಅವನ ಮುಖ ಮತ್ತೆ ಮೇಲಾಯಿತು. ಗಿರಿಜಕ್ಕ ಮೊಣಕಾಲೂರಿ ಕೂತು, ಅವನ ಮೇಲೆ ಬಾಗಿದಳು.

"ಕೇಳ ಅವನ್ನ. ಏನ್ ಕಾಣಸ್ತೈತಂತ?"

ನಾನು ಕಿವಿ ಕೊಟ್ಟೆ.

"ಇಬ್ರು ಹುಡುಗ್ಯಾರು ಕಾಣಾಕತ್ತಾರಂತ. ದೊಡ್ಡಾಕಿ ಮೂಗಿಗೆ ಹಳ್ಳದ ಕೆಸರು ಹತ್ತೇತಂತ."

ಗಿರಿಜಕ್ಕ ಲಂಗದ ಅಂಚಿನಿಂದ ಮೂಗು ಒರೆಸಿಕೊಂಡಳು.